ಓದುಗರೊಡನೆ: ಮುತ್ಸದ್ದಿಗಳ ಬದುಕನ್ನು ಓದುವ ಬಗೆ

ರಾಜಕೀಯ ಜೀವನಚರಿತ್ರೆಗಳ ಕುರಿತು ಓದುಗರು ಕಳುಹಿಸಿದ ಪ್ರಶ್ನೆಗಳಲ್ಲಿ ಏಳನ್ನು ಈ ಸಂಚಿಕೆಗೆ ಆರಿಸಿಕೊಂಡಿದ್ದೇವೆ. ಪ್ರಶ್ನೆಗಳು ಬೇರೆ ಬೇರೆಯಾದರೂ ಬಹುಪಾಲು ಪತ್ರಗಳ ಹಿಂದಿರುವ ತೊಡಕು ಒಂದೇ: ಎಂದೋ ಬದುಕಿದ್ದ ಮುತ್ಸದ್ದಿಯ ಅಥವಾ ಚಿಂತಕನ ಬಗ್ಗೆ ಗ್ರಂಥಕರ್ತ ಕೊಡುವ ತೀರ್ಪನ್ನು ಎಷ್ಟರಮಟ್ಟಿಗೆ ಒಪ್ಪಬಹುದು, ಅದನ್ನು ಓದುಗರು ತಾವೇ ಪರೀಕ್ಷಿಸಿ ನೋಡುವ ದಾರಿ ಯಾವುದು? ಮೊದಲನೆಯ ಉತ್ತರವನ್ನು ತುಸು ವಿಸ್ತಾರವಾಗಿಯೇ ಬರೆದಿದ್ದೇವೆ, ಏಕೆಂದರೆ ಮುಂದಿನ ಕೆಲವು ಉತ್ತರಗಳು ಅದನ್ನೇ ಆಧರಿಸಿವೆ.

ಪ್ರಶ್ನೆ: ಅಬ್ರಹಾಂ ಲಿಂಕನ್ನನ ಬಗ್ಗೆ ಎರಡು ಪುಸ್ತಕಗಳನ್ನು ಓದಿದೆ. ಒಂದರಲ್ಲಿ ಅವನು ಗುಲಾಮರ ವಿಮೋಚಕ. ಇನ್ನೊಂದರಲ್ಲಿ, ಒಬ್ಬ ಗುಲಾಮನನ್ನೂ ಬಿಡುಗಡೆ ಮಾಡದೆ ಒಕ್ಕೂಟವನ್ನು ಉಳಿಸಲು ಸಾಧ್ಯವಾದರೆ ಹಾಗೆಯೇ ಮಾಡುತ್ತೇನೆ ಎಂದು ಬರೆದ ರಾಜಕಾರಣಿ. ಎರಡರಲ್ಲಿ ಯಾವುದನ್ನು ನಂಬಬೇಕು? (ನಿವೃತ್ತ ಶಿಕ್ಷಕರೊಬ್ಬರು)

ಉತ್ತರ: ತಾವು ಎತ್ತಿ ತೋರಿಸಿದ ಮಾತು ಲಿಂಕನ್ ಬರೆದದ್ದೇ, ಅದರಲ್ಲಿ ಸಂದೇಹವಿಲ್ಲ. ಆದರೆ ತೀರ್ಪು ಕೊಡುವ ಮೊದಲು ಅದನ್ನು ಯಾವ ದಿನ ಬರೆದ, ಯಾರಿಗೆ ಬರೆದ, ಬರೆಯುವಾಗ ಅವನ ಬಳಿ ಬೇರೆ ಯಾವ ಕಾಗದ ಸಿದ್ಧವಾಗಿತ್ತು ಎಂಬುದನ್ನು ವಿಚಾರಿಸೋಣ.

ದಕ್ಷಿಣದ ರಾಜ್ಯಗಳು ಒಕ್ಕೂಟದಿಂದ ಸಿಡಿದು ಅಮೆರಿಕದಲ್ಲಿ ಅಂತರ್ಯುದ್ಧ ನಡೆಯುತ್ತಿದ್ದ ಕಾಲವದು. 1862ರ ಜುಲೈ 22ರಂದು ಅಧ್ಯಕ್ಷ ಲಿಂಕನ್ ತನ್ನ ಮಂತ್ರಿಮಂಡಲದ ಮುಂದೆ ವಿಮೋಚನಾ ಘೋಷಣೆಯ ಕರಡನ್ನು ಓದಿದ. ಘೋಷಣೆ ಬೇಕೋ ಬೇಡವೋ ಎಂದು ಕೇಳುವುದಕ್ಕೆ ಅವನು ಮಂತ್ರಿಗಳನ್ನು ಕರೆದಿರಲಿಲ್ಲ. ನಿರ್ಧಾರ ಆಗಿಹೋಗಿದೆ ಎಂದು ತಿಳಿಸಿಯೇ ಓದಿದ. ವಿದೇಶಾಂಗ ವ್ಯವಹಾರಗಳನ್ನು ನೋಡಿಕೊಳ್ಳುತ್ತಿದ್ದ ವಿಲಿಯಂ ಸೂವರ್ಡ್ ಕರಡಿನ ತತ್ತ್ವಕ್ಕೆ ಅಡ್ಡಿ ಹೇಳಲಿಲ್ಲ, ಹೊತ್ತಿಗೆ ಅಡ್ಡಿ ಹೇಳಿದ. ಉತ್ತರದ ಸೈನ್ಯ ಹಿನ್ನಡೆಯಲ್ಲಿರುವಾಗ ಇಂಥ ಘೋಷಣೆ ಹೊರಟರೆ ದಿಕ್ಕುಗೆಟ್ಟ ಸರ್ಕಾರದ ಕೊನೆಯ ಕೂಗಿನಂತೆ ಅದು ಜಗತ್ತಿಗೆ ಕೇಳಿಸುತ್ತದೆ, ರಣರಂಗದಲ್ಲಿ ಒಂದು ಗೆಲುವು ದೊರೆಯುವವರೆಗೆ ತಡೆಯುವುದು ಲೇಸು ಎಂಬುದು ಅವನ ಸಲಹೆಯಾಗಿತ್ತು. ಲಿಂಕನ್ ಅದನ್ನು ಒಪ್ಪಿ ಕರಡನ್ನು ಒಳಗಿಟ್ಟ.

ಆಗಸ್ಟ್ 20ರಂದು ನ್ಯೂಯಾರ್ಕಿನ ಪ್ರಭಾವಿ ಪತ್ರಿಕಾ ಸಂಪಾದಕ ಹೊರೇಸ್ ಗ್ರೀಲಿ, ಗುಲಾಮರ ಬಿಡುಗಡೆಯ ವಿಷಯದಲ್ಲಿ ಅಧ್ಯಕ್ಷ ಹಿಂದೇಟು ಹಾಕುತ್ತಿದ್ದಾನೆ ಎಂದು ಬಹಿರಂಗ ಪತ್ರದಲ್ಲಿ ಆಕ್ಷೇಪಿಸಿದ. ತಾವು ಉಲ್ಲೇಖಿಸಿದ ಮಾತು ಆಗಸ್ಟ್ 22ರಂದು ಲಿಂಕನ್ ಅದಕ್ಕೆ ಕೊಟ್ಟ ಉತ್ತರದಲ್ಲಿದೆ. ಆ ವಾಕ್ಯದಲ್ಲಿ ಮೂರು ಸಾಧ್ಯತೆಗಳಿವೆ: ಯಾರನ್ನೂ ಬಿಡುಗಡೆ ಮಾಡದೆ ಒಕ್ಕೂಟವನ್ನು ಉಳಿಸುವುದು, ಎಲ್ಲರನ್ನೂ ಬಿಡುಗಡೆ ಮಾಡಿ ಉಳಿಸುವುದು, ಕೆಲವರನ್ನು ಬಿಡುಗಡೆ ಮಾಡಿ ಉಳಿದವರನ್ನು ಇದ್ದಂತೆಯೇ ಬಿಟ್ಟು ಉಳಿಸುವುದು. ಮೂರನೆಯ ಸಾಧ್ಯತೆಯನ್ನು ಗಮನವಿಟ್ಟು ನೋಡಿ. ಒಳಗಿಟ್ಟಿದ್ದ ಕರಡು ಹೇಳುತ್ತಿದ್ದುದು ಅದನ್ನೇ. ದಂಗೆಯೆದ್ದ ರಾಜ್ಯಗಳ ಗುಲಾಮರಿಗೆ ಮಾತ್ರ ಅದು ಅನ್ವಯಿಸುತ್ತಿತ್ತು. ಒಕ್ಕೂಟದಲ್ಲೇ ಉಳಿದಿದ್ದ ಡೆಲವೇರ್, ಮೇರಿಲ್ಯಾಂಡ್, ಕೆಂಟಕಿ, ಮಿಸೌರಿಗಳ ಗುಲಾಮರನ್ನು ಅದು ಮುಟ್ಟಲಿಲ್ಲ. ಅಂದರೆ ಗ್ರೀಲಿಗೆ ಬರೆಯುವಾಗ ಲಿಂಕನ್ ಏನು ಮಾಡಲಿ ಎಂಬ ಆಲೋಚನೆಯಲ್ಲಿರಲಿಲ್ಲ, ನಿರ್ಧಾರ ಆಗಲೇ ಆಗಿತ್ತು. ಮಾಡಲು ಹೊರಟಿದ್ದನ್ನು ಉತ್ತರದ ಜನ, ಅದರಲ್ಲೂ ವಿಮೋಚನೆಯನ್ನು ಒಪ್ಪದ ಜನ, ಒಕ್ಕೂಟದ ಉಳಿವಿನ ಹೆಸರಿನಲ್ಲಿ ಒಪ್ಪಿಕೊಳ್ಳುವಂತೆ ನೆಲ ಹದ ಮಾಡುತ್ತಿದ್ದ. ಅದೇ ಪತ್ರದ ಕೊನೆಯಲ್ಲಿ, ಇದು ತನ್ನ ಅಧಿಕಾರದ ಕರ್ತವ್ಯದ ಮಾತು, ಎಲ್ಲೆಡೆಯ ಎಲ್ಲ ಮನುಷ್ಯರೂ ಸ್ವತಂತ್ರರಾಗಬೇಕೆಂಬ ತನ್ನ ಸ್ವಂತ ಅಭಿಲಾಷೆ ಬದಲಾಗಿಲ್ಲ ಎಂದೂ ಬರೆದಿದ್ದಾನೆ. ಮೊದಲ ವಾಕ್ಯವನ್ನು ಉಲ್ಲೇಖಿಸಿ ಕೊನೆಯದನ್ನು ಬಿಡುವ ಗ್ರಂಥಕರ್ತ ಓದುಗರಿಗೆ ಅನ್ಯಾಯ ಮಾಡುತ್ತಾನೆ.

ಸೆಪ್ಟೆಂಬರ್ 17ರಂದು ಆಂಟೀಟಮ್ ಕದನ ನಡೆದು ದಕ್ಷಿಣದ ಸೇನೆ ಹಿಂದೆ ಸರಿಯಿತು. ಐದೇ ದಿನಗಳಲ್ಲಿ, ಸೆಪ್ಟೆಂಬರ್ 22ರಂದು, ಪ್ರಾಥಮಿಕ ಘೋಷಣೆ ಹೊರಬಿತ್ತು. 1863ರ ಜನವರಿ 1ರಂದು ಅದು ಜಾರಿಗೆ ಬಂತು.

ಇಷ್ಟು ಹೇಳಿ ನಿಲ್ಲಿಸಿದರೆ ನಾವೂ ಒಂದೇ ಪಕ್ಕದ ವಕೀಲರಾಗುತ್ತೇವೆ. ಅದೇ ಆಗಸ್ಟ್ 14ರಂದು ಲಿಂಕನ್ ಕಪ್ಪು ಜನರ ನಿಯೋಗವೊಂದನ್ನು ಶ್ವೇತಭವನಕ್ಕೆ ಬರಮಾಡಿಕೊಂಡು, ಎರಡು ಜನಾಂಗಗಳು ಒಟ್ಟಿಗೆ ಬಾಳುವುದು ಕಷ್ಟ, ನೀವು ದೇಶ ಬಿಟ್ಟು ಬೇರೆಡೆ ನೆಲೆಸುವುದು ಒಳ್ಳೆಯದು ಎಂದು ಹೇಳಿದ. ಇದನ್ನು ಓದುವಾಗ ಮನಸ್ಸು ಮುದುಡುತ್ತದೆ. ಕರಡು ಬರೆದ ಕೈಯೂ ಈ ಮಾತಾಡಿದ ಬಾಯಿಯೂ ಒಬ್ಬನವೇ, ಅದೂ ಒಂದೇ ತಿಂಗಳ ಅಂತರದಲ್ಲಿ. ಒಳ್ಳೆಯ ಜೀವನಚರಿತ್ರೆ ಇವೆರಡನ್ನೂ ಒಂದೇ ಅಧ್ಯಾಯದಲ್ಲಿ, ಬಂದ ಕ್ರಮದಲ್ಲಿಯೇ ಇಡುತ್ತದೆ. ಆದ್ದರಿಂದ ತಮ್ಮ ಎರಡು ಪುಸ್ತಕಗಳಲ್ಲಿ 1862ರ ಜುಲೈಯಿಂದ ಸೆಪ್ಟೆಂಬರ್‌ವರೆಗಿನ ಪುಟಗಳನ್ನು ಅಕ್ಕಪಕ್ಕದಲ್ಲಿಟ್ಟು ನೋಡಿ. ಯಾವುದರಲ್ಲಿ ಈ ತಾರೀಖುಗಳು ಕಾಣೆಯಾಗಿವೆಯೋ ಆ ಪುಸ್ತಕದ ಉಳಿದ ತೀರ್ಪುಗಳನ್ನೂ ಎಚ್ಚರದಿಂದ ಓದಬೇಕಾಗುತ್ತದೆ.

ಪ್ರಶ್ನೆ: ನಾಯಕನ ಆಪ್ತ ಕಾರ್ಯದರ್ಶಿಗಳು ಬರೆದ ಚರಿತ್ರೆ, ಕುಟುಂಬದವರು ಒಪ್ಪಿದ ಚರಿತ್ರೆ, ನಾಯಕನೇ ಬರೆದ ಆತ್ಮಕಥೆ: ಇವುಗಳಲ್ಲಿ ಯಾವುದು ಹೆಚ್ಚು ವಿಶ್ವಾಸಾರ್ಹ? (ಪದವಿ ವಿದ್ಯಾರ್ಥಿನಿಯೊಬ್ಬರು)

ಉತ್ತರ: ಹತ್ತಿರದವರಿಗೆ ಹೆಚ್ಚು ಗೊತ್ತಿರುತ್ತದೆ, ಹತ್ತಿರದವರಿಗೇ ಮುಚ್ಚಿಡುವ ಕಾರಣಗಳೂ ಹೆಚ್ಚಿರುತ್ತವೆ. ಲಿಂಕನ್ನನ ಉದಾಹರಣೆಯನ್ನೇ ಮುಂದುವರಿಸೋಣ. ಅವನ ಕಾರ್ಯದರ್ಶಿಗಳಾಗಿದ್ದ ಜಾನ್ ನಿಕೊಲೆ ಮತ್ತು ಜಾನ್ ಹೇ ಬರೆದ ಚರಿತ್ರೆ 1890ರಲ್ಲಿ 10 ಸಂಪುಟಗಳಲ್ಲಿ ಪ್ರಕಟವಾಯಿತು. ಲಿಂಕನ್ನನ ಕಾಗದಪತ್ರಗಳು ಮಗ ರಾಬರ್ಟನ ವಶದಲ್ಲಿದ್ದವು. ಅವುಗಳನ್ನು ಬಳಸುವ ಅವಕಾಶ ಅವರಿಬ್ಬರಿಗೆ ದೊರೆಯಿತು, ಅದಕ್ಕೆ ಪ್ರತಿಯಾಗಿ ಹಸ್ತಪ್ರತಿಯನ್ನು ರಾಬರ್ಟನ ಪರಿಶೀಲನೆಗೆ ಒಪ್ಪಿಸಬೇಕಾಯಿತು. ಮುಂದೆ ರಾಬರ್ಟ್ ಆ ಕಾಗದಗಳನ್ನು ಅಮೆರಿಕದ ಸಂಸತ್ತಿನ ಗ್ರಂಥಾಲಯಕ್ಕೆ ಕೊಟ್ಟ, ಆದರೆ ತಾನು ಸತ್ತು 21 ವರ್ಷ ಕಳೆಯುವವರೆಗೆ ಯಾರಿಗೂ ತೋರಿಸಬಾರದೆಂಬ ಷರತ್ತು ಹಾಕಿದ. ಅವನು 1926ರಲ್ಲಿ ತೀರಿಕೊಂಡ. ಕಾಗದಗಳು 1947ರ ಜುಲೈಯಲ್ಲಿ ತೆರೆದವು. ಅಂದರೆ ಲಿಂಕನ್ ಸತ್ತ ಮೇಲಿನ 82 ವರ್ಷಗಳ ಕಾಲ ಅವನ ಚರಿತ್ರೆಕಾರರಲ್ಲಿ ಬಹುಮಂದಿ ಮುಖ್ಯ ಆಕರವನ್ನು ಕಣ್ಣಿನಿಂದ ನೋಡದೆಯೇ ಬರೆದರು. ನೀವು ಯಾವ ಜೀವನಚರಿತ್ರೆಯನ್ನು ಕೈಗೆತ್ತಿಕೊಂಡರೂ ಕಾಗದಪತ್ರಗಳು ಆಗ ಯಾರ ಬಳಿ ಇದ್ದವು, ಗ್ರಂಥಕರ್ತನಿಗೆ ಯಾವ ಷರತ್ತಿನ ಮೇಲೆ ಸಿಕ್ಕವು ಎಂಬುದನ್ನು ಮುನ್ನುಡಿಯಲ್ಲಿ ಹುಡುಕಿ. ಪ್ರಾಮಾಣಿಕ ಲೇಖಕರು ಅದನ್ನು ಅಲ್ಲಿಯೇ ಹೇಳಿರುತ್ತಾರೆ.

ಆತ್ಮಕಥೆಯ ಮಾತು ಬೇರೆ. ಅದು ಬರೆದವನ ಅಂದಿನ ಅಗತ್ಯಕ್ಕೆ ಸಾಕ್ಷಿ, ಬಳಿಕವೇ ಹಳೆಯ ಘಟನೆಗೆ ಸಾಕ್ಷಿ. ಜರ್ಮನ್ ರಾಜ್ಯವಾದ ಪ್ರಷ್ಯಾದ ಪ್ರಧಾನಮಂತ್ರಿಯಾಗಿದ್ದ ಬಿಸ್ಮಾರ್ಕನ ನೆನಪುಗಳಲ್ಲಿ ಒಂದು ಪ್ರಸಿದ್ಧ ದೃಶ್ಯವಿದೆ. 1870ರ ಜುಲೈ 13ರ ಸಂಜೆ ಬರ್ಲಿನ್ನಿನಲ್ಲಿ ಸೇನಾಪತಿ ಮಾಲ್ಟ್ಕೆ ಮತ್ತು ಯುದ್ಧಮಂತ್ರಿ ರೋನ್ ಅವನೊಂದಿಗೆ ಊಟಕ್ಕೆ ಕುಳಿತಿದ್ದಾರೆ. ಫ್ರಾನ್ಸಿನೊಂದಿಗಿನ ಬಿಕ್ಕಟ್ಟು ತಣ್ಣಗಾಗುತ್ತಿದೆ ಎಂದು ಮೂವರಿಗೂ ಬೇಸರ, ತುತ್ತು ಗಂಟಲಿಗಿಳಿಯದು. ಅಷ್ಟರಲ್ಲಿ ಎಮ್ಸ್ ಎಂಬ ಊರಿನಲ್ಲಿದ್ದ ದೊರೆಯ ಕಡೆಯಿಂದ ತಂತಿ ಬರುತ್ತದೆ. ದೊರೆಯ ಮನೆತನದವರು ಇನ್ನೆಂದೂ ಸ್ಪೇನಿನ ಸಿಂಹಾಸನಕ್ಕೆ ಬಾರದಂತೆ ಮಾತು ಕೊಡಬೇಕೆಂದು ಫ್ರಾನ್ಸಿನ ರಾಯಭಾರಿ ಬೆನೆಡೆಟ್ಟಿ ಒತ್ತಾಯಿಸಿದ್ದು, ದೊರೆ ನಿರಾಕರಿಸಿದ್ದು, ತಮಗೆ ಬಂದ ಹೊಸ ಸುದ್ದಿಯನ್ನು ಅಂಗರಕ್ಷಕ ಅಧಿಕಾರಿಯ ಮೂಲಕ ತಿಳಿಸಿ ಮುಂದೆ ಹೇಳುವುದೇನೂ ಇಲ್ಲವೆಂದದ್ದು ಅದರಲ್ಲಿತ್ತು. ಬಿಸ್ಮಾರ್ಕ್ ಅದನ್ನು ಮೊಟಕುಗೊಳಿಸಿ ಪತ್ರಿಕೆಗಳಿಗೆ ಕೊಟ್ಟ. ಮೊಟಕುಗೊಂಡ ರೂಪದಲ್ಲಿ ದೊರೆ ರಾಯಭಾರಿಯನ್ನು ಮತ್ತೆ ನೋಡಲು ಒಲ್ಲದೆ ಬಾಗಿಲಿನಿಂದಲೇ ಕಳುಹಿಸಿದಂತೆ ಕಾಣುತ್ತದೆ. ಅದನ್ನು ಓದಿ ಕೇಳಿಸಿದಾಗ ಅತಿಥಿಗಳಿಬ್ಬರಿಗೂ ಹಸಿವು ಮರಳಿತು ಎಂದು ಬಿಸ್ಮಾರ್ಕ್ ಬರೆಯುತ್ತಾನೆ. ಜುಲೈ 19ರಂದು ಫ್ರಾನ್ಸ್ ಯುದ್ಧ ಸಾರಿತು.

ಎರಡು ತಂತಿಗಳ ಪಾಠವೂ ಇಂದು ಲಭ್ಯವಿರುವುದರಿಂದ ಕತ್ತರಿಸಿದ್ದು ನಿಜ ಎಂದು ಯಾರೂ ಹೋಲಿಸಿ ನೋಡಬಹುದು. ಆದರೆ ಆ ಊಟದ ಮೇಜು, ಆ ಹಸಿವು, ಒಂದೇ ಗಳಿಗೆಯಲ್ಲಿ ಇತಿಹಾಸವನ್ನು ತಿರುಗಿಸಿದ ಧೀರನ ಚಿತ್ರ, ಇವೆಲ್ಲ 1890ರ ಮಾರ್ಚಿನಲ್ಲಿ ತರುಣ ಚಕ್ರವರ್ತಿ ಎರಡನೆಯ ವಿಲ್‌ಹೆಲ್ಮ್ ತನ್ನನ್ನು ಅಧಿಕಾರದಿಂದ ಇಳಿಸಿದ ಮೇಲೆ, ಸಾಮ್ರಾಜ್ಯ ಕಟ್ಟಿದವನು ತಾನೇ ಎಂದು ಸಾಧಿಸಬೇಕಾಗಿದ್ದ ಮುದುಕನೊಬ್ಬ ಹೇಳಿ ಬರೆಸಿದವು. ಚಕ್ರವರ್ತಿಯ ಮೇಲಿನ ಸಿಟ್ಟು ತುಂಬಿದ್ದ ಕೊನೆಯ ಸಂಪುಟ ಅಚ್ಚಾದದ್ದು ಆ ಚಕ್ರವರ್ತಿ ಪದಚ್ಯುತನಾದ ಮೇಲೆ. ಆತ್ಮಕಥೆಯನ್ನು ಬಿಡಬೇಡಿ, ಅದನ್ನು ಬರೆದ ವರ್ಷವನ್ನು ಮೊದಲ ಪುಟದ ಅಂಚಿನಲ್ಲಿ ಗುರುತು ಹಾಕಿಕೊಂಡು ಓದಿ.

ಪ್ರಶ್ನೆ: ಎಂಟುನೂರು, ಸಾವಿರ ಪುಟಗಳ ಜೀವನಚರಿತ್ರೆಗಳನ್ನು ಉತ್ಸಾಹದಿಂದ ಆರಂಭಿಸುತ್ತೇನೆ. ವಂಶಾವಳಿ, ಬಾಲ್ಯ ಮುಗಿಯುವಷ್ಟರಲ್ಲಿ ಉತ್ಸಾಹ ಇಳಿದಿರುತ್ತದೆ. ಏನು ಮಾಡಲಿ? (ಬ್ಯಾಂಕ್ ಉದ್ಯೋಗಿಯೊಬ್ಬರು)

ಉತ್ತರ: ಮೊದಲಿನಿಂದಲೇ ಓದಬೇಕೆಂಬ ನಿಯಮವೇನೂ ಇಲ್ಲ. ಆ ವ್ಯಕ್ತಿ ತೆಗೆದುಕೊಂಡ ಅತಿ ಕಠಿಣ ನಿರ್ಧಾರ ಯಾವುದೆಂದು ವಿಷಯಸೂಚಿಯಲ್ಲಿ ನೋಡಿ ಆ ಅಧ್ಯಾಯವನ್ನೇ ಮೊದಲು ಓದಿ. ಅಲ್ಲಿ ಹುಟ್ಟಿದ ಪ್ರಶ್ನೆಗಳು ನಿಮ್ಮನ್ನು ಹಿಂದಕ್ಕೆ ಕರೆದೊಯ್ಯುತ್ತವೆ, ಆಗ ಬಾಲ್ಯದ ಪುಟಗಳಿಗೂ ಅರ್ಥ ಬರುತ್ತದೆ. ಕೊನೆಯ ಟಿಪ್ಪಣಿಗಳನ್ನು ತಿರುವಿ ನೋಡುವ ಅಭ್ಯಾಸವನ್ನೂ ಇಟ್ಟುಕೊಳ್ಳಿ: ಪತ್ರಗಳಿಂದ, ದಿನಚರಿಗಳಿಂದ, ಸಭೆಯ ನಡಾವಳಿಗಳಿಂದ ಬಂದ ಟಿಪ್ಪಣಿಗಳು ಹೆಚ್ಚಿದ್ದರೆ ಗ್ರಂಥಕರ್ತ ದುಡಿದಿದ್ದಾನೆ, ಹಿಂದಿನ ಚರಿತ್ರೆಗಳ ಹೆಸರುಗಳೇ ತುಂಬಿದ್ದರೆ ಆ ಹಿಂದಿನ ಚರಿತ್ರೆಗಳನ್ನೇ ಓದಬಹುದು.

ಪ್ರಶ್ನೆ: ಆಡಳಿತಗಾರರ ವಿಷಯದಲ್ಲಿ ಜೀವನಚರಿತ್ರೆ ಬೇಕು, ಒಪ್ಪುತ್ತೇನೆ. ಚಿಂತಕರ ವಿಷಯದಲ್ಲಿ ಅವರ ಗ್ರಂಥಗಳೇ ಸಾಲದೆ? ಮೆಕಿಯಾವೆಲ್ಲಿ ಎಲ್ಲಿ ಕೆಲಸ ಮಾಡಿದ, ಲಾಕ್ ಯಾರ ಮನೆಯಲ್ಲಿದ್ದ ಎಂದು ತಿಳಿಯುವುದರಿಂದ ಅವರ ವಾದ ಬದಲಾಗುತ್ತದೆಯೇ? (ರಾಜ್ಯಶಾಸ್ತ್ರದ ಅಧ್ಯಾಪಕರೊಬ್ಬರು)

ಉತ್ತರ: ವಾದ ಸರಿಯೋ ತಪ್ಪೋ ಎಂಬುದನ್ನು ಬದುಕು ನಿರ್ಣಯಿಸಲಾರದು, ಈ ಮಾತಿನಲ್ಲಿ ತಮ್ಮೊಂದಿಗಿದ್ದೇವೆ. ಆದರೆ ವಾದ ಯಾವ ಪ್ರಶ್ನೆಗೆ ಉತ್ತರವಾಗಿ ಹುಟ್ಟಿತು ಎಂಬುದು ಅನೇಕ ಸಲ ಗ್ರಂಥದೊಳಗೆ ಕಾಣಸಿಗುವುದಿಲ್ಲ.

ಮೆಕಿಯಾವೆಲ್ಲಿ 1498ರಿಂದ 14 ವರ್ಷ ಫ್ಲಾರೆನ್ಸ್ ಗಣರಾಜ್ಯದ ಕಚೇರಿಯಲ್ಲಿ ಕಾರ್ಯದರ್ಶಿಯಾಗಿ ದುಡಿದವನು, ರಾಯಭಾರದ ಕೆಲಸದ ಮೇಲೆ ಅಲೆದವನು. 1502ರ ಕೊನೆಯ ತಿಂಗಳುಗಳಲ್ಲಿ ಇಟಲಿಯ ಸೇನಾನಾಯಕ ಚೆಸಾರೆ ಬೋರ್ಜಿಯಾನ ಪಾಳೆಯದಲ್ಲಿದ್ದು, ತನಗೆ ಎರಡು ಬಗೆದ ನಾಯಕರನ್ನು ಅವನು ಸಂಧಾನದ ನೆಪದಲ್ಲಿ ಕರೆಸಿ ಹಿಡಿದದ್ದನ್ನು ಹತ್ತಿರದಿಂದ ಕಂಡವನು. 1512ರಲ್ಲಿ ಮೆಡಿಚಿ ಮನೆತನ ಮತ್ತೆ ಅಧಿಕಾರಕ್ಕೆ ಬಂದಾಗ ಕೆಲಸ ಹೋಯಿತು. ಮರುವರ್ಷ ಪಿತೂರಿಯ ಶಂಕೆಯ ಮೇಲೆ ಸೆರೆಯಾಗಿ, ಕೈಗಳನ್ನು ಹಿಂದಕ್ಕೆ ಕಟ್ಟಿ ಹಗ್ಗದಿಂದ ಮೇಲೆತ್ತುವ ಹಿಂಸೆಯನ್ನು ಅನುಭವಿಸಿದ. ಬಿಡುಗಡೆಯಾದ ಮೇಲೆ ಊರ ಹೊರಗಿನ ತನ್ನ ಜಮೀನಿನ ಮನೆಯಲ್ಲಿ ಇರತೊಡಗಿದ. 1513ರ ಡಿಸೆಂಬರ್ 10ರಂದು ಗೆಳೆಯ ವೆಟ್ಟೋರಿಗೆ ಅವನು ಬರೆದ ಪತ್ರವನ್ನು ಓದಿದವರು ಮರೆಯಲಾರರು. ಹಗಲೆಲ್ಲ ಮರ ಕಡಿಯುವವರೊಂದಿಗೆ ತಕರಾರು, ಛತ್ರದಲ್ಲಿ ಊರವರೊಂದಿಗೆ ಜೂಜು, ಕಾಸಿಗಾಗಿ ಕೂಗಾಟ. ಸಂಜೆ ಮನೆಗೆ ಬಂದು ಕೆಸರು ಮೆತ್ತಿದ ಬಟ್ಟೆಯನ್ನು ಬಾಗಿಲಲ್ಲೇ ಕಳಚಿ, ಆಸ್ಥಾನದ ಉಡುಪು ತೊಟ್ಟು ಓದುವ ಕೋಣೆಯನ್ನು ಹೊಕ್ಕು, ಪ್ರಾಚೀನರೊಂದಿಗೆ ನಾಲ್ಕು ಗಂಟೆ ಸಂಭಾಷಿಸುತ್ತೇನೆ, ಆಗ ಬಡತನದ ಅಂಜಿಕೆಯೂ ಇಲ್ಲ, ಸಾವಿನ ಭಯವೂ ಇಲ್ಲ ಎಂದು ಬರೆಯುತ್ತಾನೆ. ಅರಸುತನದ ಬಗ್ಗೆ ಚಿಕ್ಕ ಗ್ರಂಥವೊಂದನ್ನು ಬರೆದಿದ್ದೇನೆ, ಮೆಡಿಚಿಗಳು ನನಗೆ ಏನಾದರೂ ಕೆಲಸ ಕೊಟ್ಟಾರೆ ಎಂಬ ಆಸೆಯಿದೆ ಎಂಬ ಸುದ್ದಿಯೂ ಅದೇ ಪತ್ರದಲ್ಲಿದೆ. ಗಣರಾಜ್ಯದ ಸೇವಕನೊಬ್ಬ ಅರಸರಿಗೆ ಸಲಹೆ ಬರೆದದ್ದು ಏಕೆ ಎಂದು ಕೇಳುವವರು ಈ ಪತ್ರವನ್ನು ಬಿಟ್ಟು ಮುಂದೆ ಹೋಗುವಂತಿಲ್ಲ.

ಲಾಕ್‌ನ ವಿಷಯದಲ್ಲಿ ತಾರೀಖಿನಿಂದಲೇ ಗ್ರಂಥದ ಸ್ವರೂಪ ಬದಲಾಯಿತು. ಸರ್ಕಾರದ ಕುರಿತ ಅವನ ಎರಡು ಪ್ರಬಂಧಗಳು ಲೇಖಕನ ಹೆಸರಿಲ್ಲದೆ ಹೊರಬಂದದ್ದು 1689ರಲ್ಲಿ, ಅಂದರೆ ಇಂಗ್ಲೆಂಡಿನಲ್ಲಿ ದೊರೆ ಎರಡನೆಯ ಜೇಮ್ಸ್ ಪಟ್ಟ ಕಳೆದುಕೊಂಡ ಮರುವರ್ಷ. ಮುನ್ನುಡಿಯಲ್ಲಿ ಹೊಸ ದೊರೆ ವಿಲಿಯಮ್ಮನ ಸಮರ್ಥನೆ ಇದ್ದುದರಿಂದ, ಆಗಿಹೋದ ಕ್ರಾಂತಿಗೆ ಲಾಕ್ ತತ್ತ್ವದ ಬಲ ಕೊಟ್ಟನೆಂದೇ ಬಹುಕಾಲ ಓದಲಾಯಿತು. ಇಪ್ಪತ್ತನೆಯ ಶತಮಾನದ ವಿದ್ವಾಂಸರು ಅವನ ಕಾಗದಪತ್ರಗಳನ್ನೂ ಅವನು ಓದುತ್ತಿದ್ದ ಪುಸ್ತಕಗಳ ಲೆಕ್ಕವನ್ನೂ ಪರಿಶೀಲಿಸಿ, ಗ್ರಂಥದ ಬಹುಭಾಗ 1680ರ ಸುಮಾರಿಗೇ ಸಿದ್ಧವಾಗಿತ್ತೆಂದು ತೋರಿಸಿಕೊಟ್ಟರು. ಆಗ ಅವನು ಷಾಫ್ಟ್ಸ್‌ಬರಿ ಪ್ರಭುವಿನ ಆಪ್ತನಾಗಿದ್ದ. ಆ ಪ್ರಭು ಜೇಮ್ಸ್ ಪಟ್ಟಕ್ಕೆ ಬರದಂತೆ ತಡೆಯುವ ಹೋರಾಟದ ಮುಂದಾಳಾಗಿದ್ದ. 1683ರ ಡಿಸೆಂಬರಿನಲ್ಲಿ ಆಲ್ಜರ್ನನ್ ಸಿಡ್ನಿ ಎಂಬವನಿಗೆ ಮರಣದಂಡನೆಯಾದಾಗ ಅವನ ಮನೆಯಲ್ಲಿ ಸಿಕ್ಕ ಅಪ್ರಕಟಿತ ಹಸ್ತಪ್ರತಿಯನ್ನೇ ಅವನ ವಿರುದ್ಧ ಸಾಕ್ಷಿಯಾಗಿ ಬಳಸಿದ್ದರು. ಅದೇ ವರ್ಷ ಲಾಕ್ ಹಾಲೆಂಡಿಗೆ ಪಲಾಯನ ಮಾಡಿದ. ದೊರೆಯನ್ನು ಪ್ರತಿಭಟಿಸುವ ಹಕ್ಕು ಜನರಿಗಿದೆ ಎಂಬ ವಾಕ್ಯವನ್ನು ಗೆದ್ದ ಪಕ್ಷದವನು ಹಾಯಾಗಿ ಕುಳಿತು ಬರೆಯುವುದಕ್ಕೂ, ಕೈಬರಹ ಸಿಕ್ಕಿಬಿದ್ದರೆ ತಲೆ ಹೋಗುವ ಕಾಲದಲ್ಲಿ ಬರೆಯುವುದಕ್ಕೂ ಇರುವ ಅಂತರವನ್ನು ತಾವು ತರಗತಿಯಲ್ಲಿ ಹೇಳದಿದ್ದರೆ ವಿದ್ಯಾರ್ಥಿಗಳಿಗೆ ಅರ್ಧ ಪಾಠವಷ್ಟೇ ದೊರೆಯುತ್ತದೆ. ಲಾಕ್ ಆ ಗ್ರಂಥ ತನ್ನದೆಂದು ಒಪ್ಪಿಕೊಂಡದ್ದು 1704ರಲ್ಲಿ, ಮರಣಶಾಸನದ ಅನುಬಂಧದಲ್ಲಿ.

ಬದುಕು ಚಿಂತಕನ ಮಾನವನ್ನು ಹೆಚ್ಚಿಸುತ್ತಲೇ ಹೋಗುತ್ತದೆ ಎಂದೇನೂ ಭಾವಿಸಬೇಕಾಗಿಲ್ಲ. ಇದೇ ಲಾಕ್ ಕ್ಯಾರೊಲೈನಾ ವಸಾಹತಿನ ಒಡೆಯರಿಗೆ ಕಾರ್ಯದರ್ಶಿಯಾಗಿದ್ದ ಕಾಲದಲ್ಲಿ, 1669ರಲ್ಲಿ, ಅಲ್ಲಿಗೆ ರೂಪಿಸಿದ ಸಂವಿಧಾನವು ಒಡೆಯನಿಗೆ ತನ್ನ ನೀಗ್ರೋ ಗುಲಾಮರ ಮೇಲೆ ಸಂಪೂರ್ಣ ಅಧಿಕಾರ ಕೊಟ್ಟಿತ್ತು. ಸ್ವಾತಂತ್ರ್ಯದ ಪ್ರಬಂಧವನ್ನು ಓದುವಾಗ ಈ ಕಾಗದವೂ ಪಕ್ಕದಲ್ಲಿರಬೇಕು.

ಪ್ರಶ್ನೆ: ನಾಯಕರ ಖಾಸಗಿ ಬದುಕನ್ನು ಕೆದಕುವ ಜೀವನಚರಿತ್ರೆಗಳು ನನಗೆ ಹಿಡಿಸುವುದಿಲ್ಲ. ಸಾರ್ವಜನಿಕ ಕಾರ್ಯಗಳಿಗಷ್ಟೇ ಗ್ರಂಥಕರ್ತ ಸೀಮಿತನಾಗಬಾರದೆ? (ಗೃಹಿಣಿಯೊಬ್ಬರು)

ಉತ್ತರ: ನಿಮ್ಮ ಸಂಕೋಚ ಸಹಜವಾದದ್ದೇ, ಕುತೂಹಲ ತಣಿಸಲೆಂದೇ ಬರೆದ ಪುಟಗಳನ್ನು ಬದಿಗಿಡುವುದರಲ್ಲಿ ನಷ್ಟವೇನಿಲ್ಲ. ಆದರೆ ಖಾಸಗಿ ಎಲ್ಲಿ ಮುಗಿಯುತ್ತದೆ, ಸಾರ್ವಜನಿಕ ಎಲ್ಲಿ ಆರಂಭವಾಗುತ್ತದೆ ಎಂಬ ಗೆರೆ ಅಷ್ಟು ಸರಳವಲ್ಲ. 1919ರ ಅಕ್ಟೋಬರ್ 2ರಂದು ಅಮೆರಿಕದ ಅಧ್ಯಕ್ಷ ವುಡ್ರೋ ವಿಲ್ಸನ್‌ಗೆ ತೀವ್ರ ಪಾರ್ಶ್ವವಾಯು ಬಡಿಯಿತು. ಮೊದಲ ಮಹಾಯುದ್ಧದ ನಂತರದ ವರ್ಸೈ ಶಾಂತಿ ಒಪ್ಪಂದವನ್ನು ಸೆನೆಟ್ ಒಪ್ಪಬೇಕೇ ಎಂಬ ಚರ್ಚೆ ಕಾವೇರಿದ್ದ ದಿನಗಳವು. ಪತ್ನಿಯೂ ವೈದ್ಯನೂ ರೋಗದ ನಿಜವಾದ ಸ್ವರೂಪವನ್ನು ಹೊರಗೆ ಬಿಡಲಿಲ್ಲ. ಅಧ್ಯಕ್ಷನನ್ನು ಯಾರು ನೋಡಬೇಕು, ಯಾವ ಕಾಗದ ಅವನ ಮುಂದೆ ಹೋಗಬೇಕು ಎಂಬುದು ಪತ್ನಿಯ ಕೈಯಲ್ಲಿತ್ತು. ನವೆಂಬರಿನಲ್ಲಿ ಒಮ್ಮೆ, ಮರುವರ್ಷ ಮಾರ್ಚಿನಲ್ಲಿ ಇನ್ನೊಮ್ಮೆ ಒಪ್ಪಂದ ಸೆನೆಟ್ಟಿನಲ್ಲಿ ಬಿದ್ದುಹೋಯಿತು. ಇಲ್ಲಿ ರೋಗಿಯ ಕೋಣೆಯ ಸಂಗತಿಯನ್ನು ಬಿಟ್ಟು ರಾಜಕೀಯ ಬರೆಯುವುದು ಹೇಗೆ?

ಅಮೆರಿಕದ ಮೂರನೆಯ ಅಧ್ಯಕ್ಷ ಥಾಮಸ್ ಜೆಫರ್ಸನ್ನನ ಉದಾಹರಣೆ ಇದಕ್ಕಿಂತ ನೋವಿನದು. ಎಲ್ಲ ಮನುಷ್ಯರೂ ಸಮಾನರಾಗಿ ಸೃಷ್ಟಿಯಾಗಿದ್ದಾರೆ ಎಂದು 1776ರಲ್ಲಿ ಬರೆದವನು ತನ್ನ ಜೀವಿತಕಾಲದಲ್ಲಿ 600ಕ್ಕೂ ಹೆಚ್ಚು ಗುಲಾಮರ ಒಡೆಯನಾಗಿದ್ದ. ಅವರಲ್ಲಿ ಒಬ್ಬಳಾದ ಸ್ಯಾಲಿ ಹೆಮಿಂಗ್ಸ್‌ಳ ಮಗ ಮ್ಯಾಡಿಸನ್ ಹೆಮಿಂಗ್ಸ್, ತನ್ನ ತಂದೆ ಜೆಫರ್ಸನ್ ಎಂದು 1873ರಲ್ಲಿ ಓಹಾಯೊದ ಪತ್ರಿಕೆಯೊಂದರಲ್ಲಿ ಸ್ಪಷ್ಟವಾಗಿ ಹೇಳಿದ. ಒಂದು ಶತಮಾನಕ್ಕೂ ಹೆಚ್ಚು ಕಾಲ ಪ್ರಮುಖ ಚರಿತ್ರೆಕಾರರು ಆ ಮಾತನ್ನು ತಳ್ಳಿಹಾಕಿದರು, ಜೆಫರ್ಸನ್ನನ ಬಿಳಿಯ ಮೊಮ್ಮಕ್ಕಳು ಹೇಳಿದ್ದನ್ನು ಒಪ್ಪಿಕೊಂಡರು. ಎರಡೂ ಕುಟುಂಬದವರ ಹೇಳಿಕೆಗಳೇ; ಒಂದು ಗುಲಾಮಳ ಮಗನದು, ಇನ್ನೊಂದು ಒಡೆಯನ ವಂಶದ್ದು ಎಂಬುದೇ ವ್ಯತ್ಯಾಸ. ಜೆಫರ್ಸನ್ ಯಾವಾಗ ಮನೆಯಲ್ಲಿದ್ದ, ಯಾವಾಗ ಊರಿನಿಂದ ಹೊರಗಿದ್ದ ಎಂಬ ದಾಖಲೆ ಮೊದಲಿನಿಂದಲೂ ವಿದ್ವಾಂಸರ ಕೈಯಲ್ಲಿತ್ತು. ಸ್ಯಾಲಿ ಗರ್ಭ ಧರಿಸಿದ ಪ್ರತಿ ಸಂದರ್ಭದಲ್ಲಿಯೂ ಅವನು ಮಾಂಟಿಚೆಲ್ಲೊದ ಮನೆಯಲ್ಲಿದ್ದದ್ದು ಅದರಲ್ಲೇ ಕಾಣುತ್ತಿತ್ತು. 1998ರ ವಂಶವಾಹಿ ಪರೀಕ್ಷೆಯು ಜೆಫರ್ಸನ್ ವಂಶದ ಗಂಡಿಗೂ ಸ್ಯಾಲಿಯ ಕಿರಿಯ ಮಗನ ಸಂತತಿಗೂ ಸಂಬಂಧವಿರುವುದನ್ನು ತೋರಿಸಿತು, ಮಾಂಟಿಚೆಲ್ಲೊವನ್ನು ನಡೆಸುವ ಪ್ರತಿಷ್ಠಾನವೂ 2000ದಲ್ಲಿ ಜೆಫರ್ಸನ್ನನೇ ಆ ಮಕ್ಕಳ ತಂದೆಯಾಗಿರುವ ಸಂಭವ ಬಲವಾಗಿದೆ ಎಂಬ ನಿರ್ಣಯಕ್ಕೆ ಬಂತು. ಇದನ್ನು ಖಾಸಗಿಯೆಂದು ಬಿಟ್ಟಿದ್ದರೆ ಮುಚ್ಚಿಹೋಗುತ್ತಿದ್ದುದು ಜೆಫರ್ಸನ್ನನ ಮಾನವಲ್ಲ, ತನ್ನ ಹೆಸರಿನಲ್ಲಿ ಸಾಕ್ಷಿ ನುಡಿದ ಒಬ್ಬ ಮನುಷ್ಯನ ದನಿ.

ಪ್ರಶ್ನೆ: ಪುಣೆ ಒಪ್ಪಂದವಾದ ಮರುದಿನ ಅಂಬೇಡ್ಕರ್ ಅವರು ಗಾಂಧೀಜಿಯವರನ್ನು ಕೃತಜ್ಞತೆಯಿಂದ ನೆನೆದರೆಂದು ಒಂದು ಚರಿತ್ರೆಯಲ್ಲಿದೆ, ಮುಂದೆ ಅದೇ ಒಪ್ಪಂದವನ್ನು ಅವರು ಕಟುವಾಗಿ ಖಂಡಿಸಿದರೆಂದು ಇನ್ನೊಂದರಲ್ಲಿದೆ. ನಿಜವಾದ ಅಭಿಪ್ರಾಯ ಯಾವುದು? (ಸ್ಪರ್ಧಾತ್ಮಕ ಪರೀಕ್ಷೆಗೆ ಓದುತ್ತಿರುವ ತರುಣರೊಬ್ಬರು)

ಉತ್ತರ: ಎರಡೂ ನಿಜವೇ, ನಡುವೆ 13 ವರ್ಷಗಳಿವೆ. 1932ರ ಆಗಸ್ಟಿನಲ್ಲಿ ಬ್ರಿಟಿಷ್ ಸರ್ಕಾರ ಶೋಷಿತ ವರ್ಗಗಳಿಗೆ ತಮ್ಮ ಪ್ರತಿನಿಧಿಗಳನ್ನು ತಾವೇ ಆರಿಸುವ ಪ್ರತ್ಯೇಕ ಮತದಾರ ಮಂಡಲಗಳನ್ನು ಘೋಷಿಸಿತು. ಸೆಪ್ಟೆಂಬರ್ 20ರಂದು ಗಾಂಧೀಜಿ ಯರವಡಾ ಸೆರೆಮನೆಯಲ್ಲಿ ಅದರ ವಿರುದ್ಧ ಉಪವಾಸ ಆರಂಭಿಸಿದರು, 24ರಂದು ಒಪ್ಪಂದಕ್ಕೆ ಸಹಿ ಬಿತ್ತು. ಪ್ರತ್ಯೇಕ ಮಂಡಲ ಹೋಯಿತು. ಪ್ರಾಂತೀಯ ಶಾಸನಸಭೆಗಳಲ್ಲಿ 71ರ ಬದಲು 148 ಮೀಸಲು ಸ್ಥಾನಗಳು ಬಂದವು. ಮೊದಲ ಹಂತದಲ್ಲಿ ಶೋಷಿತ ವರ್ಗದ ಮತದಾರರೇ ನಾಲ್ವರು ಅಭ್ಯರ್ಥಿಗಳನ್ನು ಆರಿಸುವುದು, ಬಳಿಕ ಎಲ್ಲರೂ ಸೇರಿ ಅವರಲ್ಲಿ ಒಬ್ಬರಿಗೆ ಮತ ಹಾಕುವುದು ಎಂಬ ವ್ಯವಸ್ಥೆಯಾಯಿತು. 25ರಂದು ಮುಂಬಯಿಯ ಸಭೆಯಲ್ಲಿ ಮಾತಾಡಿದ ಅಂಬೇಡ್ಕರ್, ತಮಗೂ ಗಾಂಧೀಜಿಗೂ ಇಷ್ಟೊಂದು ವಿಚಾರಗಳು ಸಮಾನವಾಗಿರುವುದನ್ನು ಕಂಡು ಆಶ್ಚರ್ಯವಾಯಿತು ಎಂದರು. ಮುಂದೆ ಒಪ್ಪಂದ ಹೇಗೆ ನಡೆಯುತ್ತದೆ ಎಂಬುದು ಆ ದಿನ ಯಾರಿಗೂ ತಿಳಿದಿರಲಿಲ್ಲ, ಆ ಮಾತನ್ನು ಅಂದಿನ ಭರವಸೆಯಾಗಿ ಓದಬೇಕು.

ಆಮೇಲಿನ ವರ್ಷಗಳಲ್ಲಿ ನಡೆದದ್ದನ್ನು ನೋಡಿ. ದೇವಾಲಯ ಪ್ರವೇಶದ ಮಸೂದೆಗಳು ಮುಂದೆ ಸಾಗಲಿಲ್ಲ. 1935ರ ಅಕ್ಟೋಬರಿನಲ್ಲಿ ಯೇವಲಾದಲ್ಲಿ ಅವರು, ಹಿಂದೂವಾಗಿ ಹುಟ್ಟಿದ್ದು ತಮ್ಮ ಕೈಯಲ್ಲಿರಲಿಲ್ಲ, ಹಿಂದೂವಾಗಿ ಸಾಯುವುದಿಲ್ಲ ಎಂದು ಸಾರಿದರು. 1936ರಲ್ಲಿ ಲಾಹೋರಿನ ಸಮ್ಮೇಳನಕ್ಕೆಂದು ಜಾತಿವಿನಾಶದ ಕುರಿತು ಸಿದ್ಧಪಡಿಸಿದ ಭಾಷಣವನ್ನು ಸಂಘಟಕರು ಒಪ್ಪದೆ ಸಮ್ಮೇಳನವನ್ನೇ ಕೈಬಿಟ್ಟಾಗ, ಅವರು ಅದನ್ನು ತಾವೇ ಅಚ್ಚು ಹಾಕಿಸಿದರು. 1937ರ ಚುನಾವಣೆಯಲ್ಲಿ ಒಪ್ಪಂದದ ಕ್ರಮ ಕಾರ್ಯರೂಪದಲ್ಲಿ ಹೇಗೆ ನಡೆಯಿತೆಂಬುದು ಕಣ್ಣಮುಂದೆಯೇ ಇತ್ತು. ಕಾಂಗ್ರೆಸ್ ಮತ್ತು ಗಾಂಧಿ ಅಸ್ಪೃಶ್ಯರಿಗೆ ಮಾಡಿದ್ದೇನು ಎಂಬ 1945ರ ಪುಸ್ತಕದಲ್ಲಿ ಅವರು ಒಪ್ಪಂದವನ್ನು ಖಂಡಿಸುವಾಗ ಆ ಚುನಾವಣೆಯ ಅಂಕಿಅಂಶಗಳನ್ನು ಮುಂದಿಟ್ಟುಕೊಂಡೇ ವಾದಿಸುತ್ತಾರೆ. ಇದು ಅನುಭವ ಕಲಿಸಿದ ತೀರ್ಮಾನ, ಚಂಚಲತೆಯಲ್ಲ. 1932ರ ಮಾತನ್ನು ತೋರಿಸಿ 1945ರದನ್ನು ಅಲ್ಲಗಳೆಯುವುದೂ ಸಲ್ಲದು, 1945ರ ಸಿಟ್ಟನ್ನು 1932ರ ದಿನಕ್ಕೆ ಹಿಂದೂಡಿ ಓದುವುದೂ ಸಲ್ಲದು. ಅಂಬೇಡ್ಕರ್ ಅವರ ಬರಹಗಳು ಮತ್ತು ಭಾಷಣಗಳು ಕನ್ನಡದಲ್ಲಿಯೂ ಸಂಪುಟಗಳಾಗಿ ಬಂದಿರುವುದರಿಂದ ಯಾವ ಚರಿತ್ರೆಯನ್ನು ಓದಿದರೂ ಮೂಲದ ಪುಟವನ್ನು ತೆರೆದು ತಾಳೆ ನೋಡಲು ತಮಗೆ ಅಡ್ಡಿಯಿಲ್ಲ. ಪರೀಕ್ಷೆಯ ಉತ್ತರದಲ್ಲಿಯೂ ವರ್ಷಗಳನ್ನು ಬರೆದು ವಾದಿಸಿ.

ಪ್ರಶ್ನೆ: ಬಾಲ್ಯದಿಂದ ಗೌರವಿಸುತ್ತಿದ್ದ ಮುತ್ಸದ್ದಿಯೊಬ್ಬರ ಪತ್ರಗಳನ್ನು ಓದಿದ ಮೇಲೆ ಅವರ ಅಳುಕು, ಸ್ವಾರ್ಥ, ಹೊಗಳಿಕೆಯ ಹಂಬಲ ಕಂಡು ಮನಸ್ಸು ಕಹಿಯಾಗಿದೆ. ಓದುವುದನ್ನು ನಿಲ್ಲಿಸಲೇ? (ಹಿರಿಯ ಓದುಗರೊಬ್ಬರು)

ಉತ್ತರ: ನಿಲ್ಲಿಸಬೇಡಿ. ತಮಗೆ ಆದದ್ದೇ ಇಟಲಿಯ ಕವಿ ಪೆಟ್ರಾರ್ಕನಿಗೂ ಆಗಿತ್ತು. ಪ್ರಾಚೀನ ರೋಮಿನ ಮುತ್ಸದ್ದಿ, ವಾಗ್ಮಿ ಸಿಸೆರೊ ಅವನಿಗೆ ಆರಾಧ್ಯನಾಗಿದ್ದ. 1345ರಲ್ಲಿ ವೆರೋನಾದ ಗ್ರಂಥಭಂಡಾರದಲ್ಲಿ ಸಿಸೆರೊ ತನ್ನ ಗೆಳೆಯ ಅಟ್ಟಿಕಸ್‌ಗೆ ಬರೆದ ಪತ್ರಗಳು ಅವನ ಕೈಗೆ ಸಿಕ್ಕವು. ಓದಿದಂತೆ ಅವನಿಗೆ ಎದೆಯೊಡೆಯಿತು: ಗ್ರಂಥಗಳಲ್ಲಿ ಧೈರ್ಯವನ್ನು ಬೋಧಿಸಿದ ತತ್ತ್ವಜ್ಞಾನಿ ಪತ್ರಗಳಲ್ಲಿ ತಡವರಿಸುತ್ತಾನೆ, ದೂರುತ್ತಾನೆ, ಪಕ್ಷ ಬದಲಿಸುತ್ತಾನೆ. ಸುಮಾರು ಹದಿನಾಲ್ಕು ಶತಮಾನಗಳ ಹಿಂದೆ ಸತ್ತವನಿಗೆ ಪೆಟ್ರಾರ್ಕ್ ಆಕ್ಷೇಪಣೆಯ ಪತ್ರವೊಂದನ್ನು ಬರೆದ. ಅದೇ ವರ್ಷ ಇನ್ನೊಂದು ಪತ್ರ ಬರೆದು, ನಿನ್ನ ಬದುಕನ್ನು ಟೀಕಿಸಿದೆನೇ ಹೊರತು ನಿನ್ನ ಬುದ್ಧಿಯನ್ನೂ ಮಾತಿನ ಶಕ್ತಿಯನ್ನೂ ಅಲ್ಲವೆಂದು ಹೇಳಿದ.

ನಮಗೆ ಅನಿಸುವುದೇನೆಂದರೆ, ಪೆಟ್ರಾರ್ಕ್ ನೊಂದ ಜಾಗವೇ ಸಿಸೆರೊನನ್ನು ಹತ್ತಿರದಿಂದ ನೋಡಬಹುದಾದ ಜಾಗ. ಕ್ರಿ.ಪೂ. 49ರ ಜನವರಿಯಲ್ಲಿ ಸೀಸರ್ ಸೈನ್ಯದೊಂದಿಗೆ ಇಟಲಿಯೊಳಕ್ಕೆ ಬಂದ; ಅವನ ಎದುರಾಳಿ ಪಾಂಪೆ ರೋಮನ್ನು ಬಿಟ್ಟು, ಮಾರ್ಚಿನಲ್ಲಿ ಇಟಲಿಯನ್ನೇ ಬಿಟ್ಟು ಹೊರಟ. ಆ ತಿಂಗಳುಗಳಲ್ಲಿ ಸಿಸೆರೊ ಅಟ್ಟಿಕಸ್‌ಗೆ ಪತ್ರದ ಮೇಲೆ ಪತ್ರ ಬರೆಯುತ್ತಾನೆ. ಮಾರ್ಚಿನ ಒಂದು ಪತ್ರದಲ್ಲಿ ತನಗೆ ತಾನೇ ಹಾಕಿಕೊಂಡ ಪ್ರಶ್ನೆಗಳನ್ನು ಸಾಲಾಗಿ ಗ್ರೀಕ್ ಭಾಷೆಯಲ್ಲಿ ಬರೆದಿದ್ದಾನೆ: ಸರ್ವಾಧಿಕಾರಿಯ ಆಳ್ವಿಕೆಯಲ್ಲಿ ಸಜ್ಜನನು ದೇಶದಲ್ಲೇ ಇರಬಹುದೇ? ಅವನನ್ನು ಕೆಳಗಿಳಿಸುವ ಯತ್ನದಿಂದ ನಗರವೇ ನಾಶವಾಗುವಂತಿದ್ದರೂ ಯತ್ನಿಸಬೇಕೇ? ಯುದ್ಧಕ್ಕಿಂತ ಮಾತಿನ ಮೂಲಕ ದೇಶಕ್ಕೆ ನೆರವಾಗುವುದು ಸರಿಯೇ? ಈ ಪ್ರಶ್ನೆಗಳನ್ನು ಎರಡೂ ಪಕ್ಷದಿಂದ ವಾದಿಸುತ್ತ ಮನಸ್ಸಿನ ದುಗುಡವನ್ನು ಸ್ವಲ್ಪ ದೂರವಿಡುತ್ತಿದ್ದೇನೆ ಎನ್ನುತ್ತಾನೆ. ಗೆಲ್ಲುವವರು ಯಾರೆಂದು ತಿಳಿದ ನಮಗೆ ಅವನ ತಡವರಿಕೆ ಅಳುಕಾಗಿ ಕಾಣುತ್ತದೆ, ಅವನಿಗಾದರೋ ಏನೂ ತಿಳಿದಿರಲಿಲ್ಲ. ಜೂನ್ 7ರಂದು ಅವನು ಹಡಗು ಹತ್ತಿ ಪಾಂಪೆಯ ಕಡೆಗೇ ಹೊರಟ. ತಮ್ಮ ಮುತ್ಸದ್ದಿಯ ಪತ್ರಗಳಲ್ಲಿಯೂ ಇಂಥ ಕೆಲವು ತಿಂಗಳುಗಳು ಖಂಡಿತ ಇರುತ್ತವೆ. ತಮಗೆ ಕಹಿಯೆನಿಸಿದ ಪತ್ರದ ತಾರೀಖನ್ನು ಗುರುತಿಸಿಕೊಂಡು ಅದರ ಹಿಂದಿನ ಹತ್ತು, ಮುಂದಿನ ಹತ್ತು ಪತ್ರಗಳನ್ನು ಮತ್ತೊಮ್ಮೆ ಓದಿ ನಮಗೆ ಬರೆಯಿರಿ.